ಲೆಫ್ಟ್ ಬ್ಯಾಕ್ ಆಡಿದ ವೈರ್‌ಮನ್

(ಸಂಜೆಯ ಕಾರ್ಯಕ್ರಮವೊಂದರಲ್ಲಿ ಆಡಿದ ಮಾತುಗಳ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟೂ ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಇಂಗ್ಲೆಂಡಿನ ಫುಟ್‌ಬಾಲ್ ಮೈದಾನಗಳಲ್ಲಿ ಪಂದ್ಯದ ದಿನ ಒಂದು ಪುಟ್ಟ ಪುಸ್ತಕ ಮಾರುತ್ತಾರೆ. ಅವತ್ತಿನ ಆಟಗಾರರ ಪಟ್ಟಿ, ಮ್ಯಾನೇಜರ್ ಬರೆದ ನಾಲ್ಕು ಮಾತು, ಊರಿನ ಅಂಗಡಿ ಮುಂಗಟ್ಟುಗಳ ಜಾಹೀರಾತು, ಇಷ್ಟು ಅದರಲ್ಲಿರುತ್ತದೆ. 1980ರ ದಶಕದಲ್ಲಿ ನಾಟಿಂಗ್‌ಹ್ಯಾಮ್ ಫಾರೆಸ್ಟ್ ಕ್ಲಬ್ಬಿನ ಪುಸ್ತಕದಲ್ಲಿ ಒಮ್ಮೆ ಒಬ್ಬ ಎಲೆಕ್ಟ್ರಿಷಿಯನ್ ಜಾಹೀರಾತು ಹಾಕಿಸಿದರು. ಕರೆಂಟಿನ ಕೆಲಸವಿದ್ದರೆ ನನ್ನನ್ನು ಕರೆಯಿರಿ ಅಂತ. ಆ ಎಲೆಕ್ಟ್ರಿಷಿಯನ್ ಹೊರಗಿನವರಲ್ಲ. ಅದೇ ತಂಡಕ್ಕೆ ಲೆಫ್ಟ್ ಬ್ಯಾಕ್, ಅಂದರೆ ಎಡಬದಿ ಕಾಯುವ ಡಿಫೆಂಡರ್ ಆಗಿ ಆಡುತ್ತಿದ್ದವರು. ಹೆಸರು ಸ್ಟುವರ್ಟ್ ಪಿಯರ್ಸ್.

ದೇಶದ ಅತಿ ದೊಡ್ಡ ಲೀಗ್‌ನಲ್ಲಿ ಆಡುತ್ತಿದ್ದರೂ ಈ ಫುಟ್‌ಬಾಲ್ ಬಹಳ ದಿನ ಅನ್ನ ಹಾಕುತ್ತದೆ ಎಂಬ ನಂಬಿಕೆ ಅವರಿಗಿರಲಿಲ್ಲ. ಕಲಿತ ಕಸುಬು ಕೈಯಲ್ಲಿರಲಿ ಅಂತ ಹಾಕಿಸಿದ ಜಾಹೀರಾತು ಅದು. ಅಂಥವರು ಮುಂದೆ ಇಂಗ್ಲೆಂಡಿನ ಪರ 78 ಪಂದ್ಯ ಆಡಿದರು. ದೇಶದ ನಾಯಕರೂ ಆದರು. ಇವತ್ತು ನಾನು ಮಾತಾಡಬೇಕು ಅಂತ ಬಂದಿರುವುದು ಇವರ ಬಗ್ಗೆ.

ನನಗೆ ಈ ಜಾಹೀರಾತಿನ ವಿಷಯ ಓದಿದಾಗ ಎದೆ ತುಂಬಿ ಬಂದದ್ದಕ್ಕೆ ಒಂದು ಕಾರಣ ಇದೆ. ನಮ್ಮಪ್ಪ ಭದ್ರಾವತಿಯಲ್ಲಿ ವೈರ್‌ಮನ್. ಅಂಗಿ ಜೇಬಿನಲ್ಲಿ ಪೆನ್ನಿನ ಬದಲು ಟೆಸ್ಟರ್ ಇಟ್ಟುಕೊಂಡು ಓಡಾಡಿದ ಮನುಷ್ಯ. ಅವರ ಕೆಲಸ ಹೇಗಿರುತ್ತಿತ್ತು ಅಂದರೆ, ಗೋಡೆ ಕೊರೆದು, ಪೈಪು ಕೂರಿಸಿ, ವೈರು ಎಳೆದು, ಮೇಲೆ ಗಾರೆ ಮೆತ್ತಿಸಿ ಬರುತ್ತಿದ್ದರು. ಮನೆ ಒಕ್ಕಲಿನ ದಿನ ಜನ ಬಂದು ನೆಲ ನೋಡುತ್ತಾರೆ, ಬಾಗಿಲಿನ ಕೆತ್ತನೆ ನೋಡುತ್ತಾರೆ, ಬಣ್ಣ ನೋಡುತ್ತಾರೆ. ಗೋಡೆಯೊಳಗಿನ ವೈರಿಂಗ್ ಚೆನ್ನಾಗಿದೆ ಅಂತ ಯಾರೂ ಹೇಳುವುದಿಲ್ಲ. ಇಪ್ಪತ್ತು ವರ್ಷ ದೀಪ ಉರಿದರೂ ಹೇಳುವುದಿಲ್ಲ. ಒಂದು ಸಂಜೆ ಫ್ಯೂಸ್ ಹಾರಿದರೆ ಸಾಕು, "ಯಾರಯ್ಯಾ ವೈರಿಂಗ್ ಮಾಡಿದ್ದು?" ಅಂತ ಕೇಳುತ್ತಾರೆ.

ಡಿಫೆಂಡರ್‌ನ ಪಾಡೂ ಇದೇ. ತೊಂಬತ್ತು ನಿಮಿಷದಲ್ಲಿ ಎಂಬತ್ತೊಂಬತ್ತು ನಿಮಿಷ ಅವನು ತಡೆದದ್ದು ಯಾವ ಲೆಕ್ಕಕ್ಕೂ ಬರುವುದಿಲ್ಲ. ಬಿಟ್ಟ ಒಂದು ನಿಮಿಷ ಮರುದಿನದ ಪತ್ರಿಕೆಯಲ್ಲಿ ಫೋಟೊ ಸಮೇತ ಬರುತ್ತದೆ. ಗೋಲು ಹೊಡೆಯುವವನು ಹತ್ತು ಅವಕಾಶ ಕಳೆದು ಹನ್ನೊಂದನೆಯದನ್ನು ಹೊಡೆದರೆ ಹೀರೊ. ಹತ್ತನ್ನು ತಡೆದು ಹನ್ನೊಂದನೆಯದನ್ನು ಬಿಟ್ಟವನು ಅಪರಾಧಿ. ಪಿಯರ್ಸ್ ಅವರ ಬದುಕನ್ನು ನೋಡಬೇಕಾದರೆ ಈ ಅನ್ಯಾಯ ಮೊದಲು ಮನಸ್ಸಿನಲ್ಲಿರಬೇಕು.

ಅವರು ಹುಟ್ಟಿದ್ದು 1962ರ ಏಪ್ರಿಲ್ 24ರಂದು, ಲಂಡನ್ನಿನಲ್ಲಿ. ಬೆಳೆದದ್ದು ವೆಂಬ್ಲಿ ಮೈದಾನದ ಆಸುಪಾಸಿನ ಕಿಂಗ್ಸ್‌ಬರಿಯಲ್ಲಿ. ಹುಡುಗನಾಗಿದ್ದಾಗ ಕ್ವೀನ್ಸ್ ಪಾರ್ಕ್ ರೇಂಜರ್ಸ್ ಕ್ಲಬ್ಬಿನ ಆಯ್ಕೆ ಪರೀಕ್ಷೆಗೆ ಹೋದರು, ತೆಗೆದುಕೊಳ್ಳಲಿಲ್ಲ. ಹಲ್ ಸಿಟಿ ಕರೆದಾಗ ಇವರೇ ಬೇಡ ಅಂದರು. ಆಮೇಲೆ ಹಗಲು ಎಲೆಕ್ಟ್ರಿಕಲ್ ಕೆಲಸ, ಸಂಜೆ ಮತ್ತು ಶನಿವಾರ ವೀಲ್ಡ್‌ಸ್ಟೋನ್ ಎಂಬ ಸ್ಥಳೀಯ ಕ್ಲಬ್ಬಿಗೆ ಆಟ. ವೀಲ್ಡ್‌ಸ್ಟೋನ್ ಆಡುತ್ತಿದ್ದದ್ದು ವೃತ್ತಿಪರ ಲೀಗ್‌ಗಳ ಕೆಳಗಿನ ದರ್ಜೆಯಲ್ಲಿ. ಅಲ್ಲಿ ಆಡುವವರೆಲ್ಲ ಬೇರೆ ಕೆಲಸ ಮಾಡುತ್ತಲೇ ಆಡುವವರು. ಸುಮಾರು ಐದು ವರ್ಷ ಹೀಗೇ ನಡೆಯಿತು.

ಈ ಐದು ವರ್ಷಗಳನ್ನು ಅವರ ಬಗ್ಗೆ ಬರೆಯುವವರು ಒಂದೇ ಸಾಲಿನಲ್ಲಿ ದಾಟಿಬಿಡುತ್ತಾರೆ. ನನಗೆ ಅದು ಸರಿ ಕಾಣುವುದಿಲ್ಲ. ಹದಿನಾರರಿಂದ ಇಪ್ಪತ್ತೊಂದು ಅಂದರೆ ಇವರ ಓರಗೆಯ ಹುಡುಗರು ದೊಡ್ಡ ಕ್ಲಬ್ಬುಗಳ ತರಬೇತಿ ಮೈದಾನದಲ್ಲಿ, ಕೋಚ್‌ಗಳ ಕಣ್ಣೆದುರು ಬೆಳೆಯುತ್ತಿದ್ದ ಕಾಲ. ಇವರು ಬೆಳೆದದ್ದು ಗಟ್ಟಿ ಗಂಡಸರ ನಡುವೆ, ಕೆಸರಿನ ಮೈದಾನದಲ್ಲಿ. ಆ ದರ್ಜೆಯಲ್ಲಿ ಸೋತರೆ ಪತ್ರಿಕೆಯಲ್ಲಿ ಬರುವುದಿಲ್ಲ, ಗೆದ್ದರೂ ಬರುವುದಿಲ್ಲ. ಸೋಮವಾರ ಬೆಳಿಗ್ಗೆ ಕೆಲಸದ ಚೀಲ ಹೆಗಲಿಗೇರಿಸಬೇಕು, ಅಷ್ಟೆ. ನಿನ್ನೆ ಏನೇ ಆಗಿರಲಿ ಇವತ್ತು ಕೆಲಸಕ್ಕೆ ಹೋಗಬೇಕು ಎಂಬ ಅಭ್ಯಾಸ ಅವರ ಮೈಗೆ ಹತ್ತಿದ್ದು ಅಲ್ಲಿ ಅಂತ ನನ್ನ ನಂಬಿಕೆ.

1983ರಲ್ಲಿ ಕೊವೆಂಟ್ರಿ ಸಿಟಿಯ ಮ್ಯಾನೇಜರ್ ಬಾಬಿ ಗೂಲ್ಡ್ ಇವರನ್ನು ಗುರುತಿಸಿದರು. 25-30 ಸಾವಿರ ಪೌಂಡಿನ ಆಸುಪಾಸಿನಲ್ಲಿ ಒಪ್ಪಂದವಾಯಿತು. ಪಿಯರ್ಸ್ ಕೂಡಲೇ ಹಾರಿ ಒಪ್ಪಿಕೊಳ್ಳಲಿಲ್ಲ. ಕಸುಬಿನಿಂದ ಬರುವ ದುಡ್ಡು, ಅದರ ಮೇಲೆ ವೀಲ್ಡ್‌ಸ್ಟೋನ್ ಕೊಡುವ ದುಡ್ಡು, ಎರಡೂ ಸೇರಿ ನೆಮ್ಮದಿಯ ಸಂಪಾದನೆ ಇತ್ತು. ಅದನ್ನು ಬಿಟ್ಟು, ಕಾಲಿಗೆ ಪೆಟ್ಟಾದರೆ ಮುಗಿಯಿತು ಎನ್ನುವ ಕೆಲಸಕ್ಕೆ ಹೋಗುವುದು ದುಡಿದು ತಿನ್ನುವವನಿಗೆ ಸುಲಭದ ತೀರ್ಮಾನವಲ್ಲ. ಕೊನೆಗೆ ಹೋದರು. ಎರಡು ವರ್ಷಕ್ಕೆ ನಾಟಿಂಗ್‌ಹ್ಯಾಮ್ ಫಾರೆಸ್ಟ್‌ನ ಮ್ಯಾನೇಜರ್ ಬ್ರಯನ್ ಕ್ಲಫ್ ಇವರನ್ನೂ ಇನ್ನೊಬ್ಬ ಡಿಫೆಂಡರ್ ಇಯಾನ್ ಬಟರ್‌ವರ್ತ್‌ರನ್ನೂ ಒಟ್ಟಿಗೆ ಕೊಂಡರು.

ಕ್ಲಫ್ ಬಗ್ಗೆ ಎರಡು ಮಾತು ಹೇಳಲೇಬೇಕು. 1979 ಮತ್ತು 1980ರಲ್ಲಿ, ಸತತ ಎರಡು ವರ್ಷ, ಒಂದು ಸಾಧಾರಣ ಊರಿನ ಸಾಧಾರಣ ತಂಡಕ್ಕೆ ಯುರೋಪಿನ ಕ್ಲಬ್ಬುಗಳ ಅತಿ ದೊಡ್ಡ ಟೂರ್ನಿಯಾದ ಯುರೋಪಿಯನ್ ಕಪ್ ಗೆದ್ದುಕೊಟ್ಟವರು ಅವರು. ನಿಷ್ಠುರ ಮಾತಿನ ಮನುಷ್ಯ. ತಂಡವನ್ನು ಹಿಂದಿನಿಂದ ಕಟ್ಟುತ್ತಾ ಬರಬೇಕು, ಚೆಂಡನ್ನು ನೆಲದ ಮೇಲೆ ಆಡಬೇಕು ಎಂಬುದು ಅವರ ಪಟ್ಟು. ಅಂಥವರ ಕೈಕೆಳಗೆ ಪಿಯರ್ಸ್ ನಾಯಕರಾದರು. ಫಾರೆಸ್ಟ್‌ನಲ್ಲಿ ಹನ್ನೆರಡು ವರ್ಷ ಇದ್ದರು.

ಲೆಫ್ಟ್ ಬ್ಯಾಕ್ ಅಂದರೆ ಏನು ಕೆಲಸ? ಮೈದಾನದ ಎಡ ಅಂಚು ಅವನ ಕಾವಲು. ಎದುರಾಳಿ ತಂಡದಲ್ಲಿ ಬಲಗಡೆ ಓಡುವ ವಿಂಗರ್ ಒಬ್ಬನಿರುತ್ತಾನೆ. ಸಾಮಾನ್ಯವಾಗಿ ತಂಡದಲ್ಲೇ ಅತಿ ವೇಗದವನು, ಚಳಕದವನು. ಅವನು ಗೆರೆಯ ಪಕ್ಕದಲ್ಲಿ ದಾಟಿಕೊಂಡು ಹೋಗಿ ಗೋಲಿನ ಮುಂದಕ್ಕೆ ಚೆಂಡು ಹಾಕಿದರೆ ಅಪಾಯ. ಅವನನ್ನು ಗೆರೆಯ ಕಡೆಗೇ ಒತ್ತಿ ಹಿಡಿಯಬೇಕು, ಒಳಗೆ ಬಿಡಬಾರದು, ಸಮಯ ನೋಡಿ ಚೆಂಡು ಕಿತ್ತುಕೊಳ್ಳಬೇಕು. ಪಿಯರ್ಸ್ ಕಾಲದಲ್ಲಿ ಇಂಗ್ಲೆಂಡಿನ ರೆಫರಿಗಳು ಇವತ್ತಿಗಿಂತ ತುಂಬ ಸಡಿಲ ಬಿಡುತ್ತಿದ್ದರು. ಆಟದ ಮೊದಲ ಐದು ನಿಮಿಷದಲ್ಲಿ ಬ್ಯಾಕ್ ಆಡುವವನು ವಿಂಗರ್‌ಗೆ ಒಂದು ಜೋರು ಟ್ಯಾಕಲ್ ಕೊಟ್ಟು "ನಾನಿದ್ದೇನೆ" ಅಂತ ತಿಳಿಸುವುದು ಪದ್ಧತಿಯೇ ಆಗಿತ್ತು. ಆ ಕೆಲಸದಲ್ಲಿ ಪಿಯರ್ಸ್ ಎಷ್ಟು ಹೆಸರುವಾಸಿ ಅಂದರೆ ಪ್ರೇಕ್ಷಕರು ಅವರಿಗೆ "ಸೈಕೊ" ಅಂತಲೇ ಅಡ್ಡ ಹೆಸರಿಟ್ಟರು.

ನನಗೆ ಆ ಹೆಸರು ಇಷ್ಟವಿಲ್ಲ. ಅದು ಅವರ ಕಣ್ಣಿನ ಉಗ್ರತೆಯನ್ನು ಹೇಳುತ್ತದೆ, ಎಡಗಾಲಿನ ಕೌಶಲವನ್ನು ಮುಚ್ಚಿಬಿಡುತ್ತದೆ. ಫಾರೆಸ್ಟ್ ಪರ 522 ಪಂದ್ಯಗಳಲ್ಲಿ 88 ಗೋಲು ಹೊಡೆದವರು ಇವರು. ಮುಂದಿನ ಸಾಲಿನ ಆಟಗಾರರಲ್ಲೂ ಎಷ್ಟೋ ಮಂದಿಗೆ ಒಂದೇ ಕ್ಲಬ್ಬಿನಲ್ಲಿ ಇಷ್ಟು ಗೋಲು ಬರುವುದಿಲ್ಲ. 1990-91ರ ಒಂದೇ ಋತುವಿನಲ್ಲಿ ಎಲ್ಲ ಟೂರ್ನಿ ಸೇರಿ 16 ಗೋಲು. ಎದುರಾಳಿಯ ತಪ್ಪಿಗೆ ಫ್ರೀ ಕಿಕ್ ಸಿಕ್ಕರೆ ಪಿಯರ್ಸ್ ದೂರದಿಂದ ಓಡಿ ಬಂದು ಎಡಗಾಲಿನಲ್ಲಿ ಬಾರಿಸುವುದನ್ನು ನೋಡಲೆಂದೇ ಜನ ಎದ್ದು ನಿಲ್ಲುತ್ತಿದ್ದರು. ಆ ಋತುವಿನ ಎಫ್.ಎ. ಕಪ್ ಎಂಬ ಟೂರ್ನಿಯ ಫೈನಲ್‌ನಲ್ಲಿ, 1991ರ ಮೇ 18ರಂದು, ಟಾಟೆನ್‌ಹ್ಯಾಮ್ ವಿರುದ್ಧ ಹೀಗೇ ಒಂದು ಗೋಲು ಬಂತು. ಟಾಟೆನ್‌ಹ್ಯಾಮ್‌ನ ಪಾಲ್ ಗ್ಯಾಸ್ಕೋಯಿನ್ ಹುಚ್ಚು ಆವೇಶದಲ್ಲಿ ಫಾರೆಸ್ಟ್‌ನ ಗ್ಯಾರಿ ಚಾರ್ಲ್ಸ್‌ರನ್ನು ಕೆಡವಿ ತನ್ನದೇ ಮೊಣಕಾಲು ಹಾಳು ಮಾಡಿಕೊಂಡ ಫೌಲ್ ಅದು. ಪಿಯರ್ಸ್ ಗೋಡೆ ಕಟ್ಟಿ ನಿಂತವರನ್ನು ದಾಟಿಸಿ ಗೋಲಿಗೆ ಬಾರಿಸಿದರು. ಆದರೂ ಫಾರೆಸ್ಟ್ ಹೆಚ್ಚುವರಿ ಸಮಯದಲ್ಲಿ 2-1ರಿಂದ ಸೋತಿತು. ನಿರ್ಣಾಯಕ ಗೋಲು ತಮ್ಮ ಡಿಫೆಂಡರ್ ಡೆಸ್ ವಾಕರ್ ತಲೆ ತಾಗಿ ತಮ್ಮದೇ ಗೂಡಿಗೆ ಹೋದದ್ದು. ಅವತ್ತಿನ ದಿನ ಮಾತ್ರ ನೆನೆಸಿಕೊಂಡರೆ ವಾಕರ್ ಎಷ್ಟು ದೊಡ್ಡ ಆಟಗಾರ ಎಂಬುದೇ ತಿಳಿಯುವುದಿಲ್ಲ. ಇದನ್ನೇ ನಾನು ಆಗಲೇ ಅನ್ಯಾಯ ಅಂದದ್ದು.

1989 ಮತ್ತು 1990ರಲ್ಲಿ ಪಿಯರ್ಸ್ ನಾಯಕತ್ವದಲ್ಲಿ ಫಾರೆಸ್ಟ್ ಲೀಗ್ ಕಪ್ ಗೆದ್ದಿತು. ಆ ಎರಡು ಗೆಲುವುಗಳ ನಡುವೆ 1989ರ ಏಪ್ರಿಲ್ 15 ಇದೆ. ಹಿಲ್ಸ್‌ಬರೊ ಮೈದಾನದಲ್ಲಿ ಲಿವರ್‌ಪೂಲ್ ವಿರುದ್ಧದ ಎಫ್.ಎ. ಕಪ್ ಸೆಮಿಫೈನಲ್ ಆರು ನಿಮಿಷಕ್ಕೆ ನಿಂತುಹೋಯಿತು. ನೂಕುನುಗ್ಗಲಿಗೆ ಸಿಕ್ಕಿದ ಲಿವರ್‌ಪೂಲ್‌ನ 97 ಅಭಿಮಾನಿಗಳು ಪ್ರಾಣ ಬಿಟ್ಟರು. ಅದರ ಬಗ್ಗೆ ಈ ಮಾತಿನ ನಡುವೆ ಹೆಚ್ಚು ಹೇಳಲು ನನಗೆ ಮನಸ್ಸು ಬರುವುದಿಲ್ಲ.

ಈಗ 1990ರ ಜುಲೈ 4ಕ್ಕೆ ಬರೋಣ. ಇಟಲಿಯ ಟುರಿನ್ ನಗರ. ವಿಶ್ವಕಪ್ ಸೆಮಿಫೈನಲ್, ಇಂಗ್ಲೆಂಡ್ ಮತ್ತು ಪಶ್ಚಿಮ ಜರ್ಮನಿ. ನಮ್ಮಲ್ಲಿ ಆಟ ಶುರುವಾದದ್ದು ರಾತ್ರಿ ಹನ್ನೊಂದೂವರೆಗೆ. ನಮ್ಮ ಮನೆಯಲ್ಲಿ ಟಿ.ವಿ. ಇರಲಿಲ್ಲ. ಪಕ್ಕದ ಮನೆಯವರ ಹಜಾರದಲ್ಲಿ ಚಾಪೆ ಹಾಸಿ ಕೂತಿದ್ದೆವು. ಮಳೆಗಾಲ ಬೇರೆ. ಗಾಳಿಗೆ ಆಂಟೆನಾ ಅಲುಗಾಡಿ ಚಿತ್ರ ಹೋಗಿ ಬರುತ್ತಿತ್ತು, ಅಪ್ಪ ಮೂರು ಸಲ ತಾರಸಿ ಹತ್ತಿ ಇಳಿದಿದ್ದರು. ಜರ್ಮನಿಯ ಬ್ರೆಹ್ಮೆ ಹೊಡೆದ ಚೆಂಡು ಇಂಗ್ಲೆಂಡಿನ ಪಾಲ್ ಪಾರ್ಕರ್ ಮೈಗೆ ತಾಗಿ, ಮೇಲೆದ್ದು ಗೋಲ್‌ಕೀಪರ್ ತಲೆಯ ಮೇಲಿಂದ ಒಳಗೆ ಬಿತ್ತು. ಹತ್ತು ನಿಮಿಷ ಉಳಿದಿದ್ದಾಗ ಇಂಗ್ಲೆಂಡಿನ ಲಿನೆಕರ್ ಸಮ ಮಾಡಿದರು. ಹೆಚ್ಚುವರಿ ಸಮಯವೂ ಮುಗಿದು ಪೆನಾಲ್ಟಿಗೆ, ಅಂದರೆ ಎರಡೂ ತಂಡದ ಐದೈದು ಜನ ಸರದಿಯಂತೆ ಗೋಲ್‌ಕೀಪರ್ ಒಬ್ಬನ ಎದುರು ಚೆಂಡು ಹೊಡೆಯುವ ಘಟ್ಟಕ್ಕೆ ಬಂದಾಗ ನಮ್ಮ ಗಡಿಯಾರದಲ್ಲಿ ಎರಡು ದಾಟಿತ್ತು.

ಲಿನೆಕರ್, ಬಿಯರ್ಡ್ಸ್‌ಲಿ, ಪ್ಲಾಟ್ ಹೊಡೆದರು. ಜರ್ಮನರೂ ಮೂರು ಹೊಡೆದರು. ನಾಲ್ಕನೆಯವರಾಗಿ ಪಿಯರ್ಸ್ ಬಂದರು. ಮೈದಾನದ ನಡುಗೆರೆಯಿಂದ ಪೆನಾಲ್ಟಿ ಚುಕ್ಕೆಗೆ ನಲವತ್ತು ಮೀಟರ್ ಮೇಲಾಗುತ್ತದೆ. ಚುಕ್ಕೆಯಿಂದ ಗೋಲಿಗೆ ಹನ್ನೊಂದೇ ಮೀಟರ್. ಕಷ್ಟದ ದೂರ ಯಾವುದು ಅಂತ ಅಲ್ಲಿ ನಡೆದವರಿಗೆ ಮಾತ್ರ ಗೊತ್ತು. ಅವರು ತಮ್ಮ ಅಭ್ಯಾಸದಂತೆ ಎಡಗಾಲಿನಲ್ಲಿ, ಪೂರ್ತಿ ಬಲ ಹಾಕಿ, ಹೆಚ್ಚುಕಡಿಮೆ ನಡುವಿಗೆ ಹೊಡೆದರು. ಜರ್ಮನಿಯ ಗೋಲ್‌ಕೀಪರ್ ಬೋಡೊ ಇಲ್ಗ್ನರ್ ಒಂದು ಬದಿಗೆ ಹಾರಿದ್ದರು. ಮೈ ದಾಟಿ ಹೋಗಿತ್ತು, ಆದರೆ ಕಾಲು ಇನ್ನೂ ಅಲ್ಲೇ ಇತ್ತು. ಚೆಂಡು ಆ ಕಾಲಿಗೆ ಬಡಿದು ಹಿಂದಕ್ಕೆ ಬಂತು. ಜರ್ಮನಿಯ ಓಲಾಫ್ ತೊನ್ ಹೊಡೆದರು. ಆಮೇಲೆ ಇಂಗ್ಲೆಂಡಿನ ಕ್ರಿಸ್ ವಾಡಲ್ ಚೆಂಡನ್ನು ಗೋಲಿನ ಮೇಲಿಂದ ಆಕಾಶಕ್ಕೆ ಹೊಡೆದರು. ಇಂಗ್ಲೆಂಡ್ ಮನೆಗೆ ಹೋಯಿತು.

ಹಜಾರದಲ್ಲಿದ್ದ ಹುಡುಗರೆಲ್ಲ ಪಿಯರ್ಸ್‌ರನ್ನು ಬೈದೆವು. ಅಪ್ಪ ಎದ್ದು ಪಂಚೆ ಕಟ್ಟಿಕೊಳ್ಳುತ್ತಾ, "ಅವನೇನು ತಪ್ಪು ಹೊಡೀಲಿಲ್ಲ ಕಣೋ. ಆ ಕಾಲು ಅಲ್ಲಿತ್ತು, ಅಷ್ಟೆ" ಅಂದರು. ಬೆಳಿಗ್ಗೆ ಏಳಕ್ಕೆ ಅವರಿಗೆ ಕೆಲಸ ಇತ್ತು, ಹೋಗಿ ಮಲಗಿದರು. ಆ ಮಾತಿನ ತೂಕ ನನಗೆ ತಿಳಿದದ್ದು ಎಷ್ಟೋ ವರ್ಷದ ಮೇಲೆ.

ಪಿಯರ್ಸ್ ಮೈದಾನದಲ್ಲೇ ಅತ್ತರು. ಊರಿಗೆ ಮರಳಿದ ಮೇಲೆ ಬೇರೆ ತಂಡಗಳ ಅಭಿಮಾನಿಗಳು ಆ ಪೆನಾಲ್ಟಿ ಹೇಳಿ ಹಂಗಿಸಿದರು. ನಾನು ಆಗಲೇ ಹೇಳಿದ 16 ಗೋಲಿನ ಋತು ಇದೆಯಲ್ಲ, ಅದು ಬಂದದ್ದು ಈ ಸೋಲಿನ ಬೆನ್ನಲ್ಲೇ, 1990ರ ಆಗಸ್ಟ್‌ನಿಂದ ಮುಂದಿನ ಮೇ ತಿಂಗಳೊಳಗೆ. ದಯವಿಟ್ಟು ಇದನ್ನು ಗಮನದಲ್ಲಿಡಿ. ಅವರ ಕಥೆ ಹೇಳುವವರು ಸಾಮಾನ್ಯವಾಗಿ 1990ರಲ್ಲಿ ಬಿದ್ದರು, 1996ರಲ್ಲಿ ಎದ್ದರು ಅನ್ನುತ್ತಾರೆ. ಪಾಪ, ಪ್ರಾಯಶ್ಚಿತ್ತ, ಬಿಡುಗಡೆ ಅಂತೆಲ್ಲ ಬಣ್ಣ ಹಚ್ಚುತ್ತಾರೆ. ನನಗೆ ಅದು ಒಪ್ಪಿಗೆಯಿಲ್ಲ. ಆರು ವರ್ಷ ಅವರು ಬಿದ್ದುಕೊಂಡಿರಲಿಲ್ಲ. ಪ್ರತಿ ಶನಿವಾರ ಕೆಲಸಕ್ಕೆ ಹೋಗಿದ್ದರು.

ಆ ಆರು ವರ್ಷದಲ್ಲಿ ನಡೆದ ಎರಡು ಘಟನೆ ಹೇಳುತ್ತೇನೆ.

ಒಂದು, ಯುರೋಪಿನ ದೇಶಗಳ ನಡುವಿನ 1992ರ ಯುರೋ ಕಪ್. ಸ್ವೀಡನ್ನಿನ ಮಾಲ್ಮೊದಲ್ಲಿ ಫ್ರಾನ್ಸ್ ವಿರುದ್ಧ ಆಟ. ಚೆಂಡು ಬೇರೆಲ್ಲೋ ಇದ್ದಾಗ ಫ್ರಾನ್ಸಿನ ಬಾಸಿಲ್ ಬೋಲಿ ತಲೆಯಿಂದ ಪಿಯರ್ಸ್ ಮುಖಕ್ಕೆ ಗುದ್ದಿದರು. ರೆಫರಿ ನೋಡಲಿಲ್ಲ. ಕೆನ್ನೆಯಲ್ಲಿ ರಕ್ತ ಸುರಿಯುತ್ತಿತ್ತು. ಕೆಲ ಹೊತ್ತಿಗೆ ಇಂಗ್ಲೆಂಡಿಗೆ ಫ್ರೀ ಕಿಕ್ ಸಿಕ್ಕಿತು. ಅದೇ ರಕ್ತದ ಮುಖದಲ್ಲಿ ಪಿಯರ್ಸ್ ಬಂದು ಬಾರಿಸಿದ ಚೆಂಡು ಗೋಲಿನ ಮೇಲಿನ ಅಡ್ಡಪಟ್ಟಿಗೆ ಬಡಿಯಿತು. ಆಟ ಮುಗಿದ ಮೇಲೆ ಪತ್ರಕರ್ತರು ಮುತ್ತಿಕೊಂಡರು. ಬೋಲಿ ವಿರುದ್ಧ ಒಂದು ಮಾತು ಹೇಳಿದ್ದರೆ ದೊಡ್ಡ ಶಿಕ್ಷೆಯಾಗುತ್ತಿತ್ತೋ ಏನೋ. ಅದು ಆಕಸ್ಮಿಕ ಅಂತ ಹೇಳಿ ಪಿಯರ್ಸ್ ಹೊರಟುಹೋದರು. ಇಷ್ಟು ಒರಟು ಆಟದ ಮನುಷ್ಯನಿಗೆ ಮೈದಾನದ ಲೆಕ್ಕ ಮೈದಾನದಲ್ಲೇ ತೀರಬೇಕು ಎಂಬ ನೇಮವಿತ್ತು.

ಇನ್ನೊಂದು, 1993ರ ನವೆಂಬರ್ 17. 1994ರ ವಿಶ್ವಕಪ್ಪಿಗೆ ಅರ್ಹತೆಯ ಕೊನೆಯ ಪಂದ್ಯ, ಎದುರಾಳಿ ಸ್ಯಾನ್ ಮರಿನೊ. ಒಂದು ಸಣ್ಣ ತಾಲ್ಲೂಕಿಗಿಂತ ಕಡಿಮೆ ಜನ ಇರುವ ದೇಶ. ಪಿಯರ್ಸ್ ನಾಯಕ. ಆಟ ಶುರುವಾದ ಕೂಡಲೇ ಅವರು ತಮ್ಮ ಗೋಲ್‌ಕೀಪರ್ ಡೇವಿಡ್ ಸೀಮನ್‌ಗೆ ಹಿಂದಕ್ಕೆ ಕೊಟ್ಟ ಪಾಸಿನಲ್ಲಿ ಬಲ ಸಾಲಲಿಲ್ಲ. ದಾವಿದೆ ಗ್ವಾಲ್ತಿಯೆರಿ ಓಡಿ ಬಂದು ಗೋಲು ಹೊಡೆದರು. ಗಡಿಯಾರದಲ್ಲಿ 8.3 ಸೆಕೆಂಡ್. ಇಂಗ್ಲೆಂಡ್ ಆಮೇಲೆ ಏಳು ಗೋಲು ಹೊಡೆದು ಗೆದ್ದಿತು, ಆದರೂ ವಿಶ್ವಕಪ್ಪಿಗೆ ಹೋಗಲಿಲ್ಲ. ಜನರ ನೆನಪಿನಲ್ಲಿ ಉಳಿದದ್ದು ಏಳಲ್ಲ, ಆ ಒಂದು. ಹಿಂದಕ್ಕೆ ಕೊಡುವ ಪಾಸನ್ನು ಅವರು ಜೀವಮಾನದಲ್ಲಿ ಎಷ್ಟು ಸಾವಿರ ಸಲ ಕೊಟ್ಟಿರಬಹುದು ಯೋಚಿಸಿ.

ಆ ನಡುವೆ ಫಾರೆಸ್ಟ್ ಕೆಳದರ್ಜೆಗೆ ಇಳಿಯಿತು, ಕ್ಲಫ್ ನಿವೃತ್ತರಾದರು. ಪಿಯರ್ಸ್ ತಂಡ ಬಿಡಲಿಲ್ಲ. ಮರುವರ್ಷವೇ ತಂಡ ಮೇಲಕ್ಕೆ ಬಂತು. ಅದರ ಮುಂದಿನ ವರ್ಷ ಪ್ರೀಮಿಯರ್ ಲೀಗ್‌ನಲ್ಲಿ ಮೂರನೇ ಸ್ಥಾನ ಪಡೆಯಿತು. ಆದರೆ ದೇಶದ ತಂಡದಲ್ಲಿ ಜಾಗ ಹೋಗಿತ್ತು. ಕೋಚ್ ಟೆರಿ ವೆನೆಬಲ್ಸ್ ನೇರವಾಗಿ ಹೇಳಿದರು: ಲೆಫ್ಟ್ ಬ್ಯಾಕ್‌ಗೆ ನನ್ನ ಮೊದಲ ಆಯ್ಕೆ ಗ್ರೇಮ್ ಲ ಸೊ, ನೀವು ಬೇಕಾದರೆ ಅಂತರರಾಷ್ಟ್ರೀಯ ಆಟದಿಂದ ನಿವೃತ್ತರಾಗಬಹುದು. ಮೂವತ್ತು ದಾಟಿದ, ದೇಶದ ನಾಯಕನಾಗಿದ್ದ ಆಟಗಾರನಿಗೆ ಇದು ಅವಮಾನದಂತೆ ಕೇಳಿಸಬಹುದಿತ್ತು. ಬೆಂಚಿನಲ್ಲಿ ಕೂರಲೂ ಸಿದ್ಧ ಅಂದರು ಪಿಯರ್ಸ್. 1995ರ ಡಿಸೆಂಬರ್‌ನಲ್ಲಿ ಲ ಸೊ ಅವರ ಕಾಲು ಮುರಿಯಿತು. ಜಾಗ ಖಾಲಿಯಾದಾಗ ಪಿಯರ್ಸ್ ಅಲ್ಲೇ ಇದ್ದರು.

ಹೀಗಾಗಿ 1996ರ ಜೂನ್ 22ರಂದು, ತಾವು ಹುಡುಗನಾಗಿ ಬೆಳೆದ ಜಾಗದ ಸನಿಹದ ವೆಂಬ್ಲಿಯಲ್ಲಿ, 34ನೇ ವಯಸ್ಸಿನಲ್ಲಿ, ಯುರೋ ಕಪ್ ಕ್ವಾರ್ಟರ್ ಫೈನಲ್ ಆಡಿದರು. ಎದುರು ಸ್ಪೇನ್. 120 ನಿಮಿಷ ಆಡಿದರೂ ಗೋಲಿಲ್ಲ. ಮತ್ತೆ ಪೆನಾಲ್ಟಿ.

ಯಾರೂ ಅವರನ್ನು ಕೇಳಬೇಕಾಗಿರಲಿಲ್ಲ. ತಂಡದಲ್ಲಿ ಇನ್ನೂ ಜನ ಇದ್ದರು. ಸುಮ್ಮನೆ ಬೂಟಿನ ಲೇಸು ಕಟ್ಟಿಕೊಳ್ಳುತ್ತಾ ತಲೆ ತಗ್ಗಿಸಿದ್ದರೆ ಯಾರೂ ಏನೂ ಅನ್ನುತ್ತಿರಲಿಲ್ಲ. ತಾವೇ ಹೆಸರು ಕೊಟ್ಟರು. ಶಿಯರರ್ ಹೊಡೆದರು, ಸ್ಪೇನಿನ ಹಿಯೆರೊ ಹೊಡೆದ ಚೆಂಡು ಅಡ್ಡಪಟ್ಟಿಗೆ ಬಡಿಯಿತು, ಪ್ಲಾಟ್ ಹೊಡೆದರು, ಸ್ಪೇನ್ ಒಂದು ಹೊಡೆಯಿತು. ಮೂರನೆಯವರಾಗಿ ಪಿಯರ್ಸ್ ನಡುಗೆರೆಯಿಂದ ಹೊರಟರು. ಇಂಗ್ಲೆಂಡಿನವರು ಪೆನಾಲ್ಟಿಗೆ ಹೋದರೆ ಮೈದಾನ ಕೂಗುತ್ತದೆ. ಇವರು ಹೊರಟಾಗ ಇಡೀ ಮೈದಾನಕ್ಕೆ ಉಸಿರು ಸಿಕ್ಕಿಕೊಂಡಿತು. 75 ಸಾವಿರ ಜನರಲ್ಲಿ ಟುರಿನ್ ನೆನಪಾಗದವರು ಯಾರೂ ಇದ್ದಿರಲಿಕ್ಕಿಲ್ಲ.

ಚೆಂಡು ಇಟ್ಟರು. ಹಿಂದೆ ನಡೆದರು. ಓಡಿ ಬಂದು ಎಡಗಾಲಿನಲ್ಲೇ, ಅಷ್ಟೇ ಬಲವಾಗಿ ಹೊಡೆದರು. ಈ ಸಲ ನಡುವಿಗಲ್ಲ, ಮೂಲೆಗೆ. ಸ್ಪೇನಿನ ಗೋಲ್‌ಕೀಪರ್ ಜುಬಿಸರೇಟಾ ಕೈಗೆ ಸಿಗಲಿಲ್ಲ.

ಆಮೇಲಿನ ಆ ಮುಖ ನೀವು ನೋಡಿರಬಹುದು. ಕುತ್ತಿಗೆಯ ನರ ಉಬ್ಬಿ, ಕಣ್ಣು ಕೆಂಡವಾಗಿ, ಎರಡೂ ಮುಷ್ಟಿ ಬಿಗಿದು ಜನರ ಕಡೆ ತಿರುಗಿ ಕೂಗುತ್ತಿದ್ದಾರೆ. ನಾನು ಆ ದೃಶ್ಯವನ್ನು ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ. ಅದು ಸಂತೋಷದ ಮುಖವಲ್ಲ. ನಗುವಿನ ಒಂದು ಗೆರೆಯೂ ಅದರಲ್ಲಿಲ್ಲ. ತುಂಬಾ ಹೊತ್ತು ಭಾರ ಹೊತ್ತವರು ಅದನ್ನು ಇಳಿಸಿದಾಗ ಬಾಯಿಂದ ತಾನಾಗಿ ಒಂದು ಸದ್ದು ಬರುತ್ತದಲ್ಲ, ಅದನ್ನು ಮುಖದಲ್ಲಿ ಕಂಡ ಹಾಗೆ. ಗ್ಯಾಸ್ಕೋಯಿನ್ ಹೊಡೆದರು, ಸ್ಪೇನಿನ ನಡಾಲ್ ಹೊಡೆದದ್ದನ್ನು ಸೀಮನ್ ತಡೆದರು, ಇಂಗ್ಲೆಂಡ್ 4-2ರಿಂದ ಗೆದ್ದಿತು.

ಮರುದಿನ ಲಂಡನ್ನಿನ ಫಿನ್ಸ್‌ಬರಿ ಪಾರ್ಕ್‌ನಲ್ಲಿ ಸೆಕ್ಸ್ ಪಿಸ್ಟಲ್ಸ್ ತಂಡದ ಸಂಗೀತ ಕಛೇರಿ ಇತ್ತು. ಪಿಯರ್ಸ್ ಪಂಕ್ ಸಂಗೀತದ ಹುಚ್ಚು ಹತ್ತಿದವರು. ಜೊತೆಗಾರ ಗ್ಯಾರೆತ್ ಸೌತ್‌ಗೇಟ್‌ರನ್ನು ಕರೆದುಕೊಂಡು ಹೋದರು, ವೇದಿಕೆಯ ಮೇಲೆ ನಿಂತು ತಂಡವನ್ನು ಜನಕ್ಕೆ ಪರಿಚಯಿಸಿದರು. ಆ ದಿನ ಅವರಿಬ್ಬರೂ ಎಷ್ಟು ಹಗುರಾಗಿದ್ದಿರಬೇಕು. ಅದಾಗಿ ಮೂರು ದಿನಕ್ಕೆ, ಜೂನ್ 26ರಂದು, ಸೆಮಿಫೈನಲ್‌ನಲ್ಲಿ ಮತ್ತೆ ಜರ್ಮನಿ. ಮತ್ತೆ 1-1, ಮತ್ತೆ ಪೆನಾಲ್ಟಿ. ಪಿಯರ್ಸ್ ಮತ್ತೆ ಮೂರನೆಯವರಾಗಿ ಹೋಗಿ ಮತ್ತೆ ಹೊಡೆದರು. ಇಂಗ್ಲೆಂಡಿನ ಐವರೂ ಹೊಡೆದರು, ಜರ್ಮನಿಯ ಐವರೂ ಹೊಡೆದರು. ಆರನೆಯವರಾಗಿ ಹೋದ ಸೌತ್‌ಗೇಟ್ ಚೆಂಡನ್ನು ಜರ್ಮನಿಯ ಗೋಲ್‌ಕೀಪರ್ ಕೊಪ್ಕೆ ತಡೆದರು, ಇಂಗ್ಲೆಂಡ್ ಸೋತಿತು. ಸೌತ್‌ಗೇಟ್ ಕೂಡ ಡಿಫೆಂಡರ್. ಟುರಿನ್ನಿನ ಆ ರಾತ್ರಿ ಇನ್ನೊಬ್ಬರ ಹೆಗಲಿಗೆ ದಾಟಿತು.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. 1996ರ ಕೊನೆಗೆ ಫಾರೆಸ್ಟ್ ತಂಡ ಪಟ್ಟಿಯ ತಳದಲ್ಲಿದ್ದಾಗ ಪಿಯರ್ಸ್ ಆಟಗಾರನಾಗಿದ್ದುಕೊಂಡೇ ಮ್ಯಾನೇಜರ್ ಆದರು. ಮೊದಲ ಪಂದ್ಯ ಆರ್ಸೆನಲ್ ವಿರುದ್ಧ. ರಾತ್ರಿ ಕೂತು ಹನ್ನೊಂದು ಜನರ ಪಟ್ಟಿ ಬರೆದು ಹೆಂಡತಿಗೆ ತೋರಿಸಿದರು. ಆಕೆ ನೋಡಿ, ಇದರಲ್ಲಿ ಗೋಲ್‌ಕೀಪರ್ ಎಲ್ಲಿ ಅಂತ ಕೇಳಿದರು. ಈ ಸಂಗತಿಯನ್ನು ಪಿಯರ್ಸ್ ತಾವೇ ಹೇಳಿಕೊಂಡಿದ್ದಾರೆ. ಪಟ್ಟಿ ತಿದ್ದಿ ಆಡಿದರು, 2-1ರಿಂದ ಗೆದ್ದರು. 1997ರ ಜನವರಿಯಲ್ಲಿ ಲೀಗ್‌ನ ತಿಂಗಳ ಮ್ಯಾನೇಜರ್ ಎಂಬ ಗೌರವವೂ ಬಂತು. ಆದರೂ ಆ ವರ್ಷ ತಂಡ ಮೇಲಿನ ದರ್ಜೆಯಲ್ಲಿ ಉಳಿಯಲಿಲ್ಲ. ಅಲ್ಲಿಂದ ನ್ಯೂಕ್ಯಾಸಲ್. ಆಮೇಲೆ ವೆಸ್ಟ್ ಹ್ಯಾಮ್. ಅಲ್ಲಿ 37ನೇ ವಯಸ್ಸಿನಲ್ಲಿ ವಾಟ್‌ಫರ್ಡ್ ವಿರುದ್ಧ ಕಾಲು ಮುರಿಯಿತು. ಮುರಿದದ್ದು ಗೊತ್ತಾಗದೆ, ಓಡಾಡಿದರೆ ಸರಿಹೋಗಬಹುದು ಅಂತ ಪ್ರಯತ್ನಿಸಿದ ಮನುಷ್ಯ ಅವರು. ಆ ಋತು ಬಹುಪಾಲು ಹಾಳಾಯಿತು. ಮುಂದಿನ ಋತುವಿನಲ್ಲಿ ವೆಸ್ಟ್ ಹ್ಯಾಮ್ ಅಭಿಮಾನಿಗಳು ಆರಿಸಿದ ವರ್ಷದ ಆಟಗಾರ ಯಾರು ಗೊತ್ತೆ? ಪಿಯರ್ಸ್.

ಕೊನೆಗೆ, ಅಲ್ಲಿನ ಮ್ಯಾನೇಜರ್ ಕೆವಿನ್ ಕೀಗನ್ ಕರೆದರು ಅಂತ ಮ್ಯಾಂಚೆಸ್ಟರ್ ಸಿಟಿಗೆ. ಅಂದಿನ ಸಿಟಿ ಇಂದಿನ ಶ್ರೀಮಂತ ಕ್ಲಬ್ ಅಲ್ಲ, ಎರಡನೇ ದರ್ಜೆಯಲ್ಲಿದ್ದ ತಂಡ. ಇವರ ನಾಯಕತ್ವದಲ್ಲಿ ಅದು ಚಾಂಪಿಯನ್ ಆಗಿ ಮೇಲೆ ಬಂತು. 2002ರ ಏಪ್ರಿಲ್ 21ರಂದು ಪೋರ್ಟ್ಸ್‌ಮತ್ ವಿರುದ್ಧ ಅವರ ಕೊನೆಯ ಪಂದ್ಯ. ಇನ್ನು ಮೂರು ದಿನಕ್ಕೆ ನಲವತ್ತು ತುಂಬುತ್ತಿತ್ತು. ವೃತ್ತಿಪರ ಕ್ಲಬ್ ಆಟದಲ್ಲಿ ಅದುವರೆಗೆ ಹೊಡೆದದ್ದು 99 ಗೋಲು. ಪಂದ್ಯದ ಕೊನೆಯ ನಿಮಿಷದಲ್ಲಿ ಸಿಟಿಗೆ ಪೆನಾಲ್ಟಿ ಸಿಕ್ಕಿತು. ಇಡೀ ಮೈದಾನ ಅವರ ಹೆಸರು ಕೂಗಿತು. ಹೊಡೆದರು. ತಪ್ಪಿತು. 99ಕ್ಕೇ ನಿಂತಿತು.

ಕೋಚ್ ಆದ ಮೇಲೂ ಪೆನಾಲ್ಟಿ ಅವರನ್ನು ಬಿಡಲಿಲ್ಲ. 2007ರಲ್ಲಿ ಇಂಗ್ಲೆಂಡಿನ 21 ವರ್ಷದೊಳಗಿನವರ ತಂಡ ನೆದರ್ಲೆಂಡ್ಸ್ ವಿರುದ್ಧ ಯುರೋಪಿಯನ್ ಸೆಮಿಫೈನಲ್‌ನಲ್ಲಿ 32 ಪೆನಾಲ್ಟಿಗಳ ಸುದೀರ್ಘ ಸರದಿಯಲ್ಲಿ 13-12ರಿಂದ ಸೋತಿತು. ಎರಡು ವರ್ಷದ ಮೇಲೆ ಅದೇ ಹಂತದಲ್ಲಿ ಸ್ವೀಡನ್ ವಿರುದ್ಧ ಪೆನಾಲ್ಟಿಯಲ್ಲೇ ಗೆದ್ದರು. 2012ರ ಒಲಿಂಪಿಕ್ಸ್‌ನಲ್ಲಿ ಬ್ರಿಟನ್ ತಂಡದ ಕೋಚ್ ಆಗಿ ಕಾರ್ಡಿಫ್‌ನಲ್ಲಿ ದಕ್ಷಿಣ ಕೊರಿಯಾಕ್ಕೆ ಪೆನಾಲ್ಟಿಯಲ್ಲಿ ಸೋತರು. 2013ರಲ್ಲಿ ಅವರು ಬಿಟ್ಟ 21 ವರ್ಷದೊಳಗಿನವರ ತಂಡದ ಹೊಣೆ ಹೊತ್ತವರು ಗ್ಯಾರೆತ್ ಸೌತ್‌ಗೇಟ್. ಅದೇ ಸೌತ್‌ಗೇಟ್ 2018ರಲ್ಲಿ ಹಿರಿಯರ ತಂಡದ ಕೋಚ್ ಆಗಿ ಕೊಲಂಬಿಯಾ ವಿರುದ್ಧ ಗೆದ್ದಾಗ, ವಿಶ್ವಕಪ್ಪಿನಲ್ಲಿ ಇಂಗ್ಲೆಂಡ್ ಮೊದಲ ಸಲ ಪೆನಾಲ್ಟಿಯಲ್ಲಿ ಗೆದ್ದಂತಾಯಿತು. ಟುರಿನ್ನಿನಿಂದ ಲೆಕ್ಕ ಹಾಕಿದರೆ 28 ವರ್ಷ.

ಇನ್ನೊಂದು ಸಂಗತಿ ಹೇಳಿ ಕೂರುತ್ತೇನೆ. 2016ರಲ್ಲಿ ಗ್ಲಾಸ್ಟರ್‌ಷೈರ್‌ನ ಲಾಂಗ್‌ಫರ್ಡ್ ಎಂಬ ಪುಟ್ಟ ಕ್ಲಬ್ ಆಡಿದ ಪಂದ್ಯಗಳನ್ನೆಲ್ಲ ಸೋತು, ಬ್ರಿಟನ್ನಿನ ಅತಿ ಕೆಟ್ಟ ತಂಡ ಅಂತ ಹೆಸರು ಪಡೆದಿತ್ತು. ಒಂದು ವಿಮಾ ಕಂಪನಿಯ ಪ್ರಚಾರದ ಭಾಗವಾಗಿ ಪಿಯರ್ಸ್ ಆ ತಂಡಕ್ಕೆ ಸೇರಿದರು. ಪ್ರಚಾರ ಅಂದ ಮೇಲೆ ಬಂದು ಕೈಬೀಸಿ ಫೋಟೊ ತೆಗೆಸಿಕೊಂಡು ಹೋಗಬಹುದಿತ್ತು. 53ನೇ ವಯಸ್ಸಿನಲ್ಲಿ, ವಾರವಿಡೀ ಬೇರೆ ಬೇರೆ ಕೆಲಸ ಮಾಡಿ ಬಂದ ಹುಡುಗರ ಜೊತೆ ಬೂಟು ಕಟ್ಟಿ ಮೈದಾನಕ್ಕಿಳಿದು ಆಡಿದರು. ಅವತ್ತೂ ಲಾಂಗ್‌ಫರ್ಡ್ ಸೋತಿತು. ಆದರೆ ಬಿಟ್ಟದ್ದು ಒಂದೇ ಗೋಲು.